‘ಆಮೇಲೆ ಆ ಮುದುಕಿ ಏನಾದಳು?’

ಬೆಳ್ಳಿತೆರೆಯ ತಾಯಿ, ಅತ್ತೆ, ಅಜ್ಜಿಯರನ್ನು ಕುರಿತು ಒಂದು ಚಿಂತನೆ

ಶಿಡ್ಲಘಟ್ಟದಲ್ಲಿ ನನಗೆ ಒಬ್ಬ ಸೋದರತ್ತೆ ಇದ್ದಾರೆ. ವಯಸ್ಸು ಎಪ್ಪತ್ತನ್ನು ದಾಟಿದೆ. ತವರು ಗೌರಿಬಿದನೂರಿನ ಕಡೆಯ ಒಂದು ಹಳ್ಳಿ. ಟೂರಿಂಗ್ ಟಾಕೀಸಿನ ಗುಡಾರ ಊರ ಹೊರಗೆ ಬಿತ್ತೆಂದರೆ, ಸಂಜೆಯ ಅಡಿಗೆಯನ್ನು ಮೂರು ಗಂಟೆಗೇ ಮುಗಿಸಿ, ಓರಗೆಯ ಹೆಂಗಸರನ್ನು ಕಟ್ಟಿಕೊಂಡು ಹೊರಟುಬಿಡುತ್ತಿದ್ದ ಚಿತ್ರರಸಿಕರು ಅವರು. ಕನ್ನಡ ಚಿತ್ರವಾದರೂ ಸರಿ, ತೆಲುಗು ಚಿತ್ರವಾದರೂ ಸರಿ. ನಮ್ಮ ಗಡಿಸೀಮೆಯಲ್ಲಿ ಎರಡು ಭಾಷೆಗಳೂ ಒಂದೇ ಬಾಯಲ್ಲಿ ವಾಸಮಾಡುವುದರಿಂದ ಅವರಿಗೆ ಭೇದವೇನೂ ಇರಲಿಲ್ಲ.

ನಾನು ಚಿಕ್ಕವನಾಗಿದ್ದಾಗ ಒಮ್ಮೆ ಅವರೊಡನೆ ಚಿತ್ರವೊಂದನ್ನು ನೋಡಿ ಹಿಂದಿರುಗುತ್ತಿದ್ದೆ. ಖಳನು ಸೆರೆಮನೆ ಸೇರಿದ್ದನು; ನಾಯಕನಿಗೂ ನಾಯಕಿಗೂ ವಿವಾಹವಾಗಿತ್ತು; ಬಿಳಿಯ ಸೀರೆಯ ವೃದ್ಧ ತಾಯಿ ಇಬ್ಬರ ತಲೆಯ ಮೇಲೂ ಕೈಯಿಟ್ಟು ಹರಸಿ, ಸೆರಗಿನಿಂದ ಕಣ್ಣೊರೆಸಿಕೊಂಡಿದ್ದಳು. ಎಲ್ಲರೂ ತೃಪ್ತರಾಗಿದ್ದರು. ಅತ್ತೆ ಮಾತ್ರ ಅರ್ಧ ದಾರಿಯವರೆಗೆ ಸುಮ್ಮನಿದ್ದು, ಥಟ್ಟನೆ, “ಅಲ್ಲ ಕಣೋ, ಮಗನ ಮದುವೆಯಾಯಿತು, ಸರಿ. ಆಮೇಲೆ ಆ ಮುದುಕಿ ಏನಾದಳು?” ಎಂದು ಕೇಳಿದರು.

ಜೊತೆಯಲ್ಲಿದ್ದವರು ನಕ್ಕರು. ನಾನೂ ನಕ್ಕೆ. ನಕ್ಕಿದ್ದಕ್ಕೆ ಇಂದು ನಾಚಿಕೆಯಾಗುತ್ತದೆ. ಏಕೆಂದರೆ ಆ ಪ್ರಶ್ನೆಗೆ ನಮ್ಮ ಚಲಚ್ಚಿತ್ರಗಳು ನೀಡಿರುವ ಉತ್ತರ ಬಹಳ ಸ್ವಲ್ಪ.

ನಾಯಕಿಯೇ ತಾಯಿಯಾದಾಗ

1954ರಲ್ಲಿ ತೆರೆಕಂಡ ‘ಬೇಡರ ಕಣ್ಣಪ್ಪ’ವನ್ನು ಅರಿಯದ ಕನ್ನಡಿಗರಿಲ್ಲ. ರಾಜಕುಮಾರರು ನಾಯಕರಾಗಿ ಮೊದಲು ಕಾಣಿಸಿಕೊಂಡ ಚಿತ್ರವದು. ಅವರೆದುರು ನಾಯಕಿಯಾಗಿದ್ದವರು ಪಂಢರೀಬಾಯಿ. ಅದಕ್ಕೆ ಎರಡು ವರ್ಷ ಮೊದಲು, ತಮಿಳಿನ ‘ಪರಾಶಕ್ತಿ’ಯಲ್ಲಿ ಶಿವಾಜಿ ಗಣೇಶನ್ ಮೊದಲಬಾರಿಗೆ ತೆರೆಯ ಮೇಲೆ ಬಂದಾಗ ಅವರಿಗೆ ಜೊತೆಯಾದವರೂ ಇದೇ ಪಂಢರೀಬಾಯಿ. ದಕ್ಷಿಣ ಭಾರತದ ಇಬ್ಬರು ಮಹಾನಟರ ಪ್ರಥಮ ನಾಯಕಿಯೆಂಬ ಕೀರ್ತಿ ಒಬ್ಬಳೇ ಕಲಾವಿದೆಗೆ ಸಂದಿದೆ.

ಮುಂದಿನ ಕಥೆಯನ್ನು ಗಮನಿಸಿ. 1969ರ ‘ದೈವ ಮಗನ್’ ಎಂಬ ತಮಿಳು ಚಿತ್ರದಲ್ಲಿ ಶಿವಾಜಿ ಗಣೇಶನ್ ತಂದೆಯಾಗಿಯೂ ಇಬ್ಬರು ಮಕ್ಕಳಾಗಿಯೂ ಮೂರು ಪಾತ್ರಗಳಲ್ಲಿ ಅಭಿನಯಿಸಿದರು. ಪಂಢರೀಬಾಯಿಯವರದು ಒಂದೇ ಪಾತ್ರ; ಆ ತಂದೆಗೆ ಪತ್ನಿ, ಆ ಇಬ್ಬರು ಮಕ್ಕಳಿಗೆ ತಾಯಿ. ಒಬ್ಬ ನಟನಿಗೆ ಏಕಕಾಲದಲ್ಲಿ ಹೆಂಡತಿಯೂ ತಾಯಿಯೂ ಆಗುವ ವಿಚಿತ್ರ ಭಾಗ್ಯ ಅವರದಾಯಿತು! 1986ರಲ್ಲಿ ‘ಅನುರಾಗ ಅರಳಿತು’ ಬಂದಿತು. ಅದರಲ್ಲಿಯೂ ನಾಯಕರು ರಾಜಕುಮಾರರೇ. ನಾಯಕಿಯರು ಮಾತ್ರ ಬೇರೆ ತಲೆಮಾರಿನ ಮಾಧವಿ ಮತ್ತು ಗೀತಾ. ಮೂವತ್ತೆರಡು ವರ್ಷಗಳ ಹಿಂದೆ ಕಣ್ಣಪ್ಪನ ಮಡದಿಯಾಗಿದ್ದ ಪಂಢರೀಬಾಯಿ ಅಲ್ಲಿ ನಾಯಕನ ರೋಗಿಷ್ಠ ತಾಯಿ. ಆ ಕಥೆಯೇ 1992ರಲ್ಲಿ ತಮಿಳಿನಲ್ಲಿ ‘ಮನ್ನನ್’ ಆದಾಗ ರಜನೀಕಾಂತರಿಗೂ ಅವರೇ ತಾಯಿಯಾದರು. ರಾಜಕುಮಾರರು ಹುಟ್ಟಿದ್ದು 1929ರಲ್ಲಿ. ಪಂಢರೀಬಾಯಿಯವರದೂ ಹೆಚ್ಚುಕಡಿಮೆ ಅದೇ ವಯಸ್ಸು. ಕಾಲವು ಇಬ್ಬರಿಗೂ ಒಂದೇ ವೇಗದಲ್ಲಿ ನಡೆದಿರಬೇಕಷ್ಟೆ? ತೆರೆಯ ಪಂಚಾಂಗದಲ್ಲಿ ಹಾಗಲ್ಲ. ಅಲ್ಲಿ ಗಂಡಿಗೆ ಒಂದು ವರ್ಷ ತುಂಬುವಷ್ಟರಲ್ಲಿ ಹೆಣ್ಣಿಗೆ ಎರಡು ವರ್ಷ ತುಂಬಿರುತ್ತದೆ.

ಇದು ಕನ್ನಡ, ತಮಿಳುಗಳ ರೀತಿ ಮಾತ್ರವೆಂದು ತಿಳಿಯಬಾರದು. 1957ರ ‘ಮದರ್ ಇಂಡಿಯಾ’ದಲ್ಲಿ ಮುಪ್ಪಿನ ತಾಯಿಯಾಗಿದ್ದ ನರ್ಗೀಸರಿಗೆ ಆಗ 28 ವರ್ಷ. ಮಗನಾಗಿದ್ದ ಸುನೀಲ್ ದತ್ತರೂ ಅದೇ 1929ರಲ್ಲಿ ಜನಿಸಿದವರು. ಮರುವರ್ಷ ಇಬ್ಬರೂ ಮದುವೆಯಾದರು! ಚಿತ್ರ ಚಿರಸ್ಮರಣೀಯವಾದುದು; ನರ್ಗೀಸರ ಅಭಿನಯ ಅಸದೃಶವಾದುದು. ಆದರೂ ಒಂದು ಸಂದೇಹ ಉಳಿಯುತ್ತದೆ. ವೃದ್ಧೆಯ ಪಾತ್ರ ಹಿರಿದಾದಾಗ ಅದು ತರುಣಿಗೆ ಸಲ್ಲುತ್ತದೆ. ನಟಿ ನಿಜವಾಗಿ ವೃದ್ಧೆಯಾದಾಗ ಅವಳಿಗೆ ದೊರೆಯುವ ಪಾತ್ರ ಕಿರಿದಾಗುತ್ತದೆ. ಇದೆಂತಹ ನ್ಯಾಯ?

ಮೂರೇ ಮೂರು ಅಚ್ಚುಗಳು

ನಮ್ಮ ಚಿತ್ರಗಳಲ್ಲಿ ವಯಸ್ಸಾದ ಹೆಂಗಸರನ್ನು ಎರಕಹೊಯ್ಯಲು ಬಹುಕಾಲದಿಂದ ಮೂರು ಅಚ್ಚುಗಳಿವೆ. ಮೊದಲನೆಯದು ತ್ಯಾಗಮಯಿ ತಾಯಿ. ಹೊಲಿಗೆಯಂತ್ರ ತುಳಿದು, ಕಂಡವರ ಮನೆಯ ಪಾತ್ರೆ ಬೆಳಗಿ ಮಗನನ್ನು ಓದಿಸುವುದು, ಅವನು ಪರೀಕ್ಷೆಯಲ್ಲಿ ಮೊದಲನೆಯವನಾಗಿ ಓಡಿ ಬಂದಾಗ ಕೆಮ್ಮುವುದು ಅವಳ ಕರ್ತವ್ಯ. ಎರಡನೆಯದು ಗಯ್ಯಾಳಿ ಅತ್ತೆ. ಕಣ್ಣು ಕೆಂಪು, ಸೊಂಟದಲ್ಲಿ ಬೀಗದ ಕೈ, ನಾಲಗೆಯಲ್ಲಿ ವಿಷ. ಮೂರನೆಯದು ನಗೆಯ ಅಜ್ಜಿ. ಕಿವಿ ಮಂದ, ಬಾಯಿ ಬೊಚ್ಚು; ಹೇಳಿದ್ದೊಂದು, ಕೇಳಿದ್ದೊಂದು.

ಇಂತಹ ಹೆಂಗಸರು ಲೋಕದಲ್ಲಿಲ್ಲವೆಂದು ನಾನು ಹೇಳುವುದಿಲ್ಲ. ಈ ಮೂವರಲ್ಲದೆ ಬೇರೆ ಯಾರೂ ಇಲ್ಲವೆಂಬಂತೆ ತೋರಿಸುವುದೇ ಕೊರತೆ.

ಆದರೆ ಅಚ್ಚಿನೊಳಗಿದ್ದುಕೊಂಡೇ ಅದನ್ನು ಮೀರಿ ನಿಂತ ಕಲಾವಿದೆಯರೂ ಉಂಟು. ನಮ್ಮ ಚಿಂತಾಮಣಿ, ಬಾಗೇಪಲ್ಲಿ ಕಡೆಯ ಹಿರಿಯರನ್ನು ಕೇಳಿ ನೋಡಿ: ತೆಲುಗಿನ ಸೂರ್ಯಕಾಂತಮ್ಮನವರ ಹೆಸರೆತ್ತಿದೊಡನೆ ಅವರ ಮುಖ ಅರಳುತ್ತದೆ. 1962ರ ‘ಗುಂಡಮ್ಮ ಕಥ’ದಲ್ಲಿ ಎನ್.ಟಿ. ರಾಮರಾವ್, ಅಕ್ಕಿನೇನಿ ನಾಗೇಶ್ವರರಾವ್, ಸಾವಿತ್ರಿ, ಜಮುನಾ – ಇಷ್ಟು ಮಂದಿ ತಾರೆಯರಿದ್ದೂ ಚಿತ್ರಕ್ಕೆ ಹೆಸರು ಬಂದದ್ದು ಸೂರ್ಯಕಾಂತಮ್ಮನವರು ಅಭಿನಯಿಸಿದ ಮಲತಾಯಿ ಗುಂಡಮ್ಮನಿಂದ. ಈ ಕಥೆಯ ಬೇರು ಕನ್ನಡದಲ್ಲಿದೆ ಎಂಬುದು ನಮಗೆ ಹೆಮ್ಮೆಯ ಸಂಗತಿ; ಬಿ. ವಿಠಲಾಚಾರ್ಯರು 1958ರಲ್ಲಿ ನಿರ್ದೇಶಿಸಿದ ‘ಮನೆ ತುಂಬಿದ ಹೆಣ್ಣು’ ಅದರ ಮೂಲ. ಗುಂಡಮ್ಮನಾದಾಗ ಸೂರ್ಯಕಾಂತಮ್ಮನವರಿಗೆ ಇನ್ನೂ ನಲ್ವತ್ತು ತುಂಬಿರಲಿಲ್ಲ. ಅವರ ಗಯ್ಯಾಳಿತನದ ಪ್ರಭಾವಕ್ಕೆ ಹೆದರಿ ಆಂಧ್ರದಲ್ಲಿ ಹೆಣ್ಣುಮಕ್ಕಳಿಗೆ ಆ ಹೆಸರಿಡುವುದನ್ನೇ ಬಿಟ್ಟರೆಂದು ವಿನೋದವಾಗಿ ಹೇಳುವುದುಂಟು. ಅಭಿನಯಕ್ಕೆ ಇದಕ್ಕಿಂತ ದೊಡ್ಡ ಪದಕ ಬೇಕೆ?

ಸೂರ್ಯಕಾಂತಮ್ಮನವರನ್ನು ನಮ್ಮ ಅತ್ತೆ ಏಕೆ ಮೆಚ್ಚುತ್ತಿದ್ದರೆಂಬುದು ನನಗೆ ತಡವಾಗಿ ಅರ್ಥವಾಯಿತು. “ಆಯಮ್ಮ ಕೆಟ್ಟವಳೇ ಇರಬಹುದು. ಆದರೆ ಅವಳಿಗೆ ತನ್ನದು ಅಂತ ಒಂದು ಮನೆ ಇತ್ತು, ದುಡ್ಡಿತ್ತು, ಮಾತಿತ್ತು. ಅಳುವ ತಾಯಿಗೆ ಏನಿತ್ತು?” ಎಂದು ಅವರು ಒಮ್ಮೆ ಹೇಳಿದರು. ತೆರೆಯ ಮೇಲೆ ಸ್ವಂತ ಇಚ್ಛೆಯುಳ್ಳ ಹಿರಿಯ ಹೆಂಗಸು ಕಾಣಬೇಕಾದರೆ ಅವಳು ಕೆಟ್ಟವಳೇ ಆಗಿರಬೇಕಾಗಿತ್ತು ಎಂಬ ಕಹಿಸತ್ಯ ಆ ಮಾತಿನಲ್ಲಿದೆ.

ಕೋಲಾರ ಸೀಮೆಯ ಮೇಷ್ಟರು ಮತ್ತು ಅವರ ಮಡದಿ

ಮುಪ್ಪನ್ನೇ ಕಥೆಯ ನಡುಮನೆಯಲ್ಲಿ ಕೂರಿಸಿದ ಕನ್ನಡ ಚಿತ್ರವೊಂದಿದೆ, ಅದನ್ನು ತಯಾರಿಸಿದವರು ನಮ್ಮ ಸೀಮೆಯವರೇ. ಚಿಕ್ಕಬಳ್ಳಾಪುರ ಪ್ರತ್ಯೇಕ ಜಿಲ್ಲೆಯಾದದ್ದು 2007ರಲ್ಲಿ. ಅದಕ್ಕೆ ಮೊದಲು ಇದೆಲ್ಲವೂ ಕೋಲಾರ ಜಿಲ್ಲೆ. ಆ ಕೋಲಾರ ಸೀಮೆಯ ಬೂದುಗೂರಿನ ಬಿ.ಆರ್. ಪಂತುಲು 1958ರಲ್ಲಿ ‘ಸ್ಕೂಲ್ ಮಾಸ್ಟರ್’ ಚಿತ್ರವನ್ನು ನಿರ್ಮಿಸಿ, ನಿರ್ದೇಶಿಸಿ, ಮೇಷ್ಟರ ಪಾತ್ರವನ್ನೂ ವಹಿಸಿದರು. ಅವರ ಮಡದಿಯಾಗಿ ಅಭಿನಯಿಸಿದವರು ಎಂ.ವಿ. ರಾಜಮ್ಮ. ಮಕ್ಕಳನ್ನು ಸಾಕಿ ಸಲಹಿದ ದಂಪತಿಗಳು ವೃದ್ಧಾಪ್ಯದಲ್ಲಿ ಗಂಡ ಒಬ್ಬ ಮಗನ ಮನೆಯಲ್ಲಿ, ಹೆಂಡತಿ ಇನ್ನೊಬ್ಬ ಮಗನ ಮನೆಯಲ್ಲಿ ಹಂಚಿಹೋಗುವ ಆ ಕಥೆಯನ್ನು ಕಂಡು ಕಣ್ಣೀರಿಡದವರು ವಿರಳ. ಹಿಂದಿ, ಮಲಯಾಳ, ತೆಲುಗು, ತಮಿಳು ಭಾಷೆಗಳಿಗೂ ಆ ಚಿತ್ರ ಹೋಯಿತು.

ಪಂತುಲು–ರಾಜಮ್ಮ ಜೋಡಿಯ ಇತಿಹಾಸವನ್ನು ಬಲ್ಲವರಿಗೆ ಆ ದೃಶ್ಯಗಳು ಇನ್ನೊಂದು ಬಗೆಯಲ್ಲಿಯೂ ಹೃದಯಸ್ಪರ್ಶಿಯಾಗುತ್ತವೆ. ಕನ್ನಡ ವಾಕ್ಚಿತ್ರದ ಬಾಲ್ಯದಲ್ಲಿ, 1936ರ ‘ಸಂಸಾರ ನೌಕ’ದಲ್ಲಿ, ಇವರೇ ತರುಣ ದಂಪತಿಗಳಾಗಿದ್ದರು. ಇಪ್ಪತ್ತೆರಡು ವರ್ಷಗಳ ತರುವಾಯ ಅದೇ ಇಬ್ಬರು ನರೆಗೂದಲಿನ ದಂಪತಿಗಳಾಗಿ ಬಂದರು. ತೆರೆಯ ಮೇಲೆ ಗಂಡೂ ಹೆಣ್ಣೂ ಸಮಸಮನಾಗಿ, ಒಟ್ಟಿಗೆ ಮುದುಕರಾದ ಅಪೂರ್ವ ನಿದರ್ಶನವಿದು.

ರಾಜಮ್ಮನವರು ಸಾಮಾನ್ಯ ನಟಿಯಲ್ಲ. 1943ರಲ್ಲಿ ‘ರಾಧಾ ರಮಣ’ವನ್ನು ತಯಾರಿಸಿ ಕನ್ನಡದ ಪ್ರಥಮ ನಿರ್ಮಾಪಕಿ ಎನಿಸಿದವರು. ಅಂತಹವರಿಗೂ 1970ರ ದಶಕದಲ್ಲಿ ಉದ್ಯಮ ಕೊಟ್ಟ ಕೆಲಸವೆಂದರೆ ನಾಯಕನ ತಾಯಿಯಾಗುವುದು. 1971ರಲ್ಲಿ ಅವರು ಅಭಿನಯಿಸಿದ ಚಿತ್ರವೊಂದರ ಹೆಸರೇ ‘ತಾಯಿ ದೇವರು’. ದೇವರನ್ನಾಗಿ ಮಾಡಿದ ಮೇಲೆ ಮನುಷ್ಯರ ಹಸಿವು, ಕೋಪ, ಆಸೆಗಳನ್ನು ಅವಳಿಗೆ ಕೊಡುವ ಗೋಜಿಲ್ಲ, ಹೂವೇರಿಸಿ ಕೈಮುಗಿದರಾಯಿತು.

ವೃದ್ಧ ದಂಪತಿಗಳ ಅಗಲಿಕೆಯನ್ನು ಅಮೆರಿಕದ ಲಿಯೋ ಮೆಕ್ಯಾರಿ 1937ರಲ್ಲಿಯೇ ‘ಮೇಕ್ ವೇ ಫಾರ್ ಟುಮಾರೊ’ ಎಂಬ ಚಿತ್ರದಲ್ಲಿ ತೋರಿಸಿದ್ದರು. ಅದರಲ್ಲಿ ಎಪ್ಪತ್ತರ ಮುದುಕಿಯಾಗಿದ್ದ ಬ್ಯೂಲಾ ಬಾಂಡಿಗೆ ಆಗ ಐವತ್ತೂ ತುಂಬಿರಲಿಲ್ಲ. ಬಂಗಾಳದ ಸತ್ಯಜಿತ್ ರಾಯ್ ಬೇರೆ ಹಾದಿ ಹಿಡಿದರು. ‘ಪಥೇರ್ ಪಾಂಚಾಲಿ’ಯ (1955) ಮುದಿ ಅತ್ತೆಯ ಪಾತ್ರಕ್ಕೆ ಬಣ್ಣ ಹಚ್ಚಿದ ತರುಣಿಯನ್ನು ಅವರು ಒಪ್ಪಲಿಲ್ಲ. ರಂಗಭೂಮಿಯನ್ನು ಎಂದೋ ಬಿಟ್ಟು ಮೂಲೆಗೆ ಸರಿದಿದ್ದ, ಎಂಬತ್ತರ ಆಸುಪಾಸಿನ ಚುನೀಬಾಲಾ ದೇವಿಯವರನ್ನು ಹುಡುಕಿ ತಂದರು. ಆ ಸುಕ್ಕುಗಟ್ಟಿದ ಮುಖ, ಬಾಗಿದ ಬೆನ್ನು, ಕದ್ದು ತಿಂದ ಹಣ್ಣಿನ ರುಚಿಗೆ ಮಿನುಗುವ ಕಣ್ಣು – ಯಾವ ಬಣ್ಣಗಾರನ ಪೆಟ್ಟಿಗೆಯಲ್ಲಿಯೂ ಸಿಗದಂಥವು.

ಅಚ್ಚನ್ನು ಒಡೆದವರು

ನಮ್ಮಲ್ಲಿ ಅಚ್ಚನ್ನು ಒಡೆಯುವ ಕೆಲಸವನ್ನು ಮೊದಲು ಮಾಡಿದವರು ಸಾಹಿತಿಗಳು ಹಾಗೂ ರಂಗಭೂಮಿಯವರು. ಹಿಂದೆ ನಮ್ಮ ಕಡೆಯ ಕೇಳಿಕೆಗಳಲ್ಲಿ ಹೆಣ್ಣುಪಾತ್ರಗಳನ್ನು ಗಂಡಸರೇ ಕಟ್ಟುತ್ತಿದ್ದರು. ಹೆಂಗಸರು ಚಾಪೆ ಹಾಸಿಕೊಂಡು ಕುಳಿತು ನೋಡಬೇಕಷ್ಟೆ. ಆ ಲೆಕ್ಕವನ್ನು ತಿರುವುಮುರುವು ಮಾಡಿದವರು ಆರ್. ನಾಗರತ್ನಮ್ಮ. 1958ರಲ್ಲಿ ಅವರು ಸ್ಥಾಪಿಸಿದ ಸ್ತ್ರೀ ನಾಟಕ ಮಂಡಳಿಯಲ್ಲಿ ಎಲ್ಲರೂ ಹೆಂಗಸರೇ. ಕಂಸನೂ ಅವರೇ, ರಾವಣನೂ ಅವರೇ. 2012ರಲ್ಲಿ ಪದ್ಮಶ್ರೀ ಗೌರವ ಪಡೆದ ಆ ಕಲಾವಿದೆ ಅದೇ ವರ್ಷ ತೀರಿಕೊಂಡರು.

ಎಂ.ಕೆ. ಇಂದಿರಾ ಅವರ ‘ಫಣಿಯಮ್ಮ’ ಕಾದಂಬರಿಯನ್ನು (1976) ನಮ್ಮ ವಾಚಕಿಯರಲ್ಲಿ ಬಹುಮಂದಿ ಓದಿರಬಹುದು. ಮಗುವಾಗಿದ್ದಾಗಲೇ ವಿಧವೆಯಾಗಿ, ನೂರು ವರ್ಷಗಳನ್ನು ಮೀರಿ ಬದುಕಿದ ಹೆಂಗಸೊಬ್ಬಳ ನೈಜ ಜೀವನವನ್ನು ಆಧರಿಸಿದ ಕೃತಿಯದು. ಪ್ರೇಮಾ ಕಾರಂತರು ಇದನ್ನು 1983ರಲ್ಲಿ ತೆರೆಗೆ ತಂದರು, ಎಲ್.ವಿ. ಶಾರದಾ ಫಣಿಯಮ್ಮನಾದರು. ತಲೆ ಬೋಳಿಸಿಕೊಂಡು, ಮಡಿಯುಟ್ಟು, ಒಪ್ಪೊತ್ತು ಉಂಡು ಬದುಕಿದ ಮುದುಕಿ, ಹೆರಿಗೆಯಲ್ಲಿ ಒದ್ದಾಡುವ ಜೀವವೊಂದನ್ನು ಉಳಿಸಲು ಜಾತಿಯ ಗೆರೆಯನ್ನು ದಾಟುತ್ತಾಳೆ. ಕೇಶಮುಂಡನಕ್ಕೆ ಒಲ್ಲೆನೆನ್ನುವ ತರುಣ ವಿಧವೆಯ ಬೆನ್ನಿಗೆ ನಿಲ್ಲುತ್ತಾಳೆ. ಗದ್ದಲವಿಲ್ಲ, ಭಾಷಣವಿಲ್ಲ. ತಾನು ಅನುಭವಿಸಿದ್ದು ಇನ್ನೊಬ್ಬಳಿಗೆ ಬೇಡವೆಂಬ ವಿವೇಕ ಅಷ್ಟೆ. ಆ ವಿವೇಕ ವಯಸ್ಸಿನಿಂದ ಮಾತ್ರ ಬರುವಂಥದು.

ಉಮಾಶ್ರೀಯವರ ಜೀವನವೂ ಇಲ್ಲಿ ನೆನೆಯತಕ್ಕದ್ದು. ದೇವನೂರ ಮಹಾದೇವರ ‘ಒಡಲಾಳ’ವನ್ನು ಸಿ.ಜಿ. ಕೃಷ್ಣಸ್ವಾಮಿಯವರು ರಂಗಕ್ಕೆ ತಂದಾಗ, ಕಳೆದುಹೋದ ಹುಂಜಕ್ಕಾಗಿ ಊರೆಲ್ಲ ಹುಡುಕುವ ಸಾಕವ್ವನಾಗಿ ತರುಣಿ ಉಮಾಶ್ರೀ ಜನರನ್ನು ಬೆರಗುಗೊಳಿಸಿದರು. ತರುವಾಯ ಚಿತ್ರರಂಗ ಅವರನ್ನು ಬಹುಕಾಲ ಹಾಸ್ಯದ ಅಚ್ಚಿಗೆ ಹಾಕಿತು. ಐವತ್ತರ ಹೊಸ್ತಿಲಲ್ಲಿ ಅವರಿಗೆ ಗಿರೀಶ ಕಾಸರವಳ್ಳಿಯವರ ‘ಗುಲಾಬಿ ಟಾಕೀಸ್’ (2008) ದೊರೆಯಿತು. ವೈದೇಹಿಯವರ ಕಥೆಯಿಂದ ಮೂಡಿದ ಸೂಲಗಿತ್ತಿ ಗುಲಾಬಿಗೆ ಸಿನಿಮಾ ಎಂದರೆ ಪ್ರಾಣ. ಗಂಡ ಬಿಟ್ಟು ಹೋಗಿದ್ದಾನೆ; ಬಡತನವಿದೆ; ಆದರೂ ಚಿತ್ರ ನೋಡುವ ಸುಖವನ್ನು ಆಕೆ ಯಾರಿಗಾಗಿಯೂ ಬಿಟ್ಟುಕೊಡಳು. ಹೆರಿಗೆ ಮಾಡಿಸಿದ್ದಕ್ಕೆ ಉಡುಗೊರೆಯಾಗಿ ಬಂದ ಟೆಲಿವಿಷನ್ ಪೆಟ್ಟಿಗೆ ಅವಳ ಗುಡಿಸಲನ್ನೇ ಟಾಕೀಸಾಗಿ ಮಾಡುತ್ತದೆ. ಈ ಪಾತ್ರಕ್ಕಾಗಿ ಉಮಾಶ್ರೀಯವರಿಗೆ ರಾಷ್ಟ್ರದ ಅತ್ಯುತ್ತಮ ನಟಿ ಪ್ರಶಸ್ತಿ ಸಂದಿತು. ಚಿತ್ರ ನೋಡುವ ನಡುವಯಸ್ಸಿನ ಹೆಂಗಸೇ ಚಿತ್ರದ ನಾಯಕಿಯಾದದ್ದು ಆ ಪ್ರಶಸ್ತಿಗಿಂತಲೂ ದೊಡ್ಡ ಸಂಗತಿ.

ಮನೆಯೊಳಗಿನ ತೆರೆ

ಟೂರಿಂಗ್ ಟಾಕೀಸಿನ ಗುಡಾರ ಎದ್ದುಹೋಯಿತು. ತೆರೆ ಮನೆಯೊಳಗೇ ಬಂದಿತು. ಗೌರಿಬಿದನೂರಿನೊಡನೆ ನಂಟುಳ್ಳ ಟಿ.ಎನ್. ಸೀತಾರಾಂ ಅವರ ‘ಮಾಯಾಮೃಗ’ (1998) ದೂರದರ್ಶನದಲ್ಲಿ ಬಂದಾಗ, ಮಧ್ಯಮ ವರ್ಗದ ಸಂಸಾರದ ಸಾಲ, ನೌಕರಿ, ನ್ಯಾಯಗಳು ಕಥೆಯಾಗಬಲ್ಲವೆಂದು ನಾವು ಕಂಡೆವು. ಮನೆಯ ಹಿರಿಯರೂ ಆಗ ಬಾಗಿಲ ಮರೆಯಿಂದ ಕಥೆಯ ಒಳಕ್ಕೆ ಬಂದರು.

ಧಾರಾವಾಹಿಗಳಿಂದ ಹಿರಿಯ ನಟಿಯರಿಗೆ ಕೆಲಸ ದೊರೆತಿದೆ, ನಿಜ. ಆದರೆ ಅವುಗಳಲ್ಲಿ ಬಹುಪಾಲು ಹಳೆಯ ಗಯ್ಯಾಳಿ ಅತ್ತೆಗೆ ಹೊಸ ಒಡವೆ ತೊಡಿಸಿದವುಗಳೇ. ಬೆಳಗಿನ ಕಾಫಿ ಸೋಸುವಾಗಲೂ ಅವಳ ಮೈಮೇಲೆ ಜರಿಯಂಚಿನ ರೇಷ್ಮೆ ಸೀರೆ. ಸೊಸೆಯ ಹಾಲಿನ ಲೋಟದ ಮೇಲೆ ಕಣ್ಣು. ನನಗೆ ಆ ಸೀರೆಯನ್ನು ಕಂಡಾಗಲೆಲ್ಲ ಶಿಡ್ಲಘಟ್ಟದ ನೆನಪಾಗುತ್ತದೆ. ಅದರ ಎಳೆಯನ್ನು ನಮ್ಮ ಊರಿನ ಬಿಚ್ಚಾಣಿಕೆ ಮನೆಯಲ್ಲಿ, ಅದೇ ವಯಸ್ಸಿನ ಹೆಂಗಸೊಬ್ಬಳು ಕುದಿನೀರಿನ ಗೂಡಿನಿಂದ ಬಿಡಿಸಿ ತೆಗೆದಿದ್ದರೂ ಇರಬಹುದು. ನೀರಿನಲ್ಲಿ ನೆನೆನೆನೆದು ಅವಳ ಬೆರಳ ತುದಿಗಳು ಬಿಳಿಚಿಕೊಂಡು ಬಿರಿದಿರುತ್ತವೆ. ತೆರೆಯ ಅತ್ತೆಗೆ ಅವಳ ಎಳೆ ಬೇಕು; ಅವಳ ಕಥೆ ಬೇಡ.

ಬೇರೆ ದಾರಿ ಇಲ್ಲವೆ? ಇದೆ. 2021ರಲ್ಲಿ ಆರಂಭವಾದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯಲ್ಲಿ ಗಂಡ ಬಿಟ್ಟುಹೋದ ಪುಟ್ಟಕ್ಕ, ಊಟದ ಮೆಸ್ ನಡೆಸಿ ಮೂವರು ಹೆಣ್ಣುಮಕ್ಕಳನ್ನು ಬೆಳೆಸುತ್ತಾಳೆ. ಪಾತ್ರಧಾರಿಣಿ ಅದೇ ಉಮಾಶ್ರೀ. ಕಣ್ಣೀರು ಅಲ್ಲಿಯೂ ಹರಿಯಿತು, ತಿರುವುಗಳು ಅಲ್ಲಿಯೂ ಅತಿಯಾದವು. ಆದರೂ ಅರುವತ್ತು ದಾಟಿದ ನಟಿಯೊಬ್ಬಳ ಮುಖ ನಿತ್ಯವೂ ಕಥೆಯ ಕೇಂದ್ರದಲ್ಲಿತ್ತು. ಆ ಮುಖವನ್ನು ನೋಡಲು ಮನೆಮಂದಿಯೆಲ್ಲ ಕುಳಿತರು. ‘ಮುದುಕಿಯರನ್ನು ಯಾರು ನೋಡುತ್ತಾರೆ?’ ಎನ್ನುವ ನಿರ್ಮಾಪಕರಿಗೆ ಇದಕ್ಕಿಂತ ಉತ್ತರ ಬೇಕಿಲ್ಲ.

ತಪ್ಪು ಯಾರದು?

ನಿರ್ಮಾಪಕರನ್ನು ದೂರುವುದು ಸುಲಭ. ಅವರ ಲೆಕ್ಕ ಹೀಗಿದೆ: ಚಿತ್ರಮಂದಿರವನ್ನು ತುಂಬಿಸುವವರು ತರುಣರು, ತರುಣರಿಗೆ ಬೇಕಾದವನು ನಾಯಕ, ನಾಯಕನ ವಯಸ್ಸು ಮರೆಯಾಗಬೇಕಾದರೆ ನಾಯಕಿ ಎಳೆಯಳಾಗಿರಬೇಕು. ಹೀಗೆ ನಾಯಕನ ಓರಗೆಯ ನಟಿ ಒಂದೋ ತಾಯಿಯಾಗಬೇಕು, ಇಲ್ಲವೇ ಮನೆಗೆ ಹೋಗಬೇಕು. ಗಂಡಸಿನ ಮುಪ್ಪಿಗೆ ಮಾತ್ರ ಈಚೆಗೆ ಗೌರವದ ಸ್ಥಾನ ಸಿಕ್ಕಿದೆ. ‘ಗೋಧಿ ಬಣ್ಣ ಸಾಧಾರಣ ಮೈಕಟ್ಟು’ (2016) ಚಿತ್ರದಲ್ಲಿ ಮರೆವಿನ ರೋಗಕ್ಕೆ ತುತ್ತಾದ ತಂದೆಯಾಗಿ ಅನಂತನಾಗ್ ಅಭಿನಯಿಸಿದಾಗ, ತರುಣರೂ ಟಿಕೆಟ್ ಕೊಂಡು ನೋಡಿದರು. ಹಾಗಾದರೆ ಪ್ರೇಕ್ಷಕರು ಮುಪ್ಪನ್ನು ಒಲ್ಲರೆಂಬ ಮಾತು ಸುಳ್ಳಾಯಿತಷ್ಟೆ? ಒಲ್ಲೆನೆಂದವರು ಯಾರೆಂದು ಆಲೋಚಿಸಬೇಕಾಗಿದೆ.

ಆದರೆ ನಾವೂ ನಿರ್ದೋಷಿಗಳಲ್ಲ. ಚಿಕ್ಕಬಳ್ಳಾಪುರದ ಹೂವಿನ ಮಾರುಕಟ್ಟೆಯಲ್ಲಿ ಮುಂಜಾನೆಯೇ ಬುಟ್ಟಿ ಇಳಿಸುವವಳನ್ನು, ಚಿಂತಾಮಣಿಯಲ್ಲಿ ಟೊಮೇಟೊ ಆರಿಸುವವಳನ್ನು, ಮನೆಯಂಗಳದಲ್ಲಿ ಹುಣಸೆಯ ಬೀಜ ಬಿಡಿಸಿ ಮೊಮ್ಮಗಳ ಶಾಲೆಯ ಖರ್ಚು ತೂಗಿಸುವವಳನ್ನು ನಾವು ದಿನವೂ ಕಾಣುತ್ತೇವೆ. ಕಂಡೂ, ‘ಪಾಪ, ವಯಸ್ಸಾಯಿತು, ಮಗ ನೋಡಿಕೊಳ್ಳಬಾರದೆ?’ ಎನ್ನುತ್ತೇವೆ. ಅವಳಿಗೆ ತನ್ನ ದುಡಿಮೆಯಲ್ಲಿ ಒಂದು ಹೆಮ್ಮೆ ಇರಬಹುದೆಂದು ನಮಗೆ ತೋಚುವುದಿಲ್ಲ. ಹಾಗೆ ನೋಡಲು ನಮಗೆ ಕಲಿಸಿದ್ದು ತೆರೆಯೇ. ತೆರೆಗೆ ಕಲಿಸಿದ್ದು ನಾವೇ.

ನಮ್ಮ ಅತ್ತೆಯ ಮನೆಯಲ್ಲಿ ನಡೆದದ್ದೂ ಇದೇ. ಮೂವತ್ತೆಂಟನೆಯ ವಯಸ್ಸಿಗೆ ಗಂಡನನ್ನು ಕಳೆದುಕೊಂಡ ಅವರು, ಮನೆಯ ಹಿಂದಿನ ಎರಡು ಚರಕಗಳನ್ನು ನಿಲ್ಲಿಸದೆ, ತಾವೇ ಗೂಡಿನ ಹರಾಜಿಗೆ ಹೋಗಿ, ನೂಲು ಮಾರಿ, ಮಗನನ್ನು ಇಂಜಿನಿಯರ್ ಮಾಡಿದರು. ಅವನು ಬೆಂಗಳೂರಿನಲ್ಲಿ ಮನೆ ಕಟ್ಟಿ, “ಇನ್ನು ಚರಕ ಮಾರಿಬಿಡಮ್ಮ. ನಮ್ಮ ಜೊತೆ ಹಾಯಾಗಿ ಇದ್ದುಬಿಡು,” ಎಂದು ಒತ್ತಾಯಿಸತೊಡಗಿದನು. ಮಗ ಒಳ್ಳೆಯವನು, ಸೊಸೆಯೂ ಒಳ್ಳೆಯವಳು. ಚಿತ್ರವಾಗಿದ್ದರೆ ಅಲ್ಲಿಗೆ ಶುಭಂ.

ಅತ್ತೆ ಹೋದರು. ನಾಲ್ಕು ತಿಂಗಳು ಇದ್ದರು. ಹಿಂದಿರುಗಿ ಬಂದು ಒಲೆ ಹೊತ್ತಿಸಿದರು. ಮಗನಿಗೆ ಮನಸ್ಸಿಗೆ ನೋವಾಯಿತು. ಬಂಧುಗಳು ತಲೆಗೊಂದು ಮಾತಾಡಿದರು: ಸೊಸೆಯೊಡನೆ ಜಗಳವೆಂದರು ಕೆಲವರು, ಮಗನೇ ಕಳುಹಿಸಿದನೆಂದರು ಇನ್ನು ಕೆಲವರು. ಅಚ್ಚುಗಳು ಸಿದ್ಧವಾಗಿದ್ದುವಲ್ಲ! ಮುದುಕಿಗೆ ತನ್ನ ಕೆಲಸ ಬೇಕೆನಿಸಿತೆಂಬ ಸರಳ ಕಾರಣವನ್ನು ನಂಬಲು ಯಾರೂ ಸಿದ್ಧರಿರಲಿಲ್ಲ. ಅಂತಹ ಕಥೆಯನ್ನು ಯಾರೂ ನೋಡಿಯೇ ಇರಲಿಲ್ಲ.

ಕಳೆದ ಸಲ ನಾನು ಹೋದಾಗ ಸಂಜೆಯಾಗಿತ್ತು. ಕೈಯೊರೆಸಿಕೊಳ್ಳುತ್ತ ಬಂದ ಅತ್ತೆ ಕಾಫಿ ಕೊಟ್ಟು, ಟೆಲಿವಿಷನ್ನಿನ ಮುಂದೆ ಕುಳಿತರು. ಹಳೆಯ ಚಿತ್ರವೊಂದು ಬರುತ್ತಿತ್ತು. ಕೊನೆಯ ದೃಶ್ಯ, ತಾಯಿ ಮಗ ಸೊಸೆಯರನ್ನು ಹರಸುತ್ತಿದ್ದಳು. ನಾನೇ ಕೇಳಿದೆ: “ಅತ್ತೆ, ಆಮೇಲೆ ಆ ಮುದುಕಿ ಏನಾದಳು?”

ಅತ್ತೆ ನಕ್ಕು, “ನಾಳೆ ಬೆಳಿಗ್ಗೆ ಗೂಡಿನ ಮಾರುಕಟ್ಟೆಗೆ ಹೋಗಬೇಕು. ಬೇಕಾದರೆ ನೀನೂ ಬಾ,” ಎಂದರು.

ವಾಚಕ ಬಂಧುಗಳೇ, ಮುಂದಿನ ಸಲ ಚಿತ್ರವೊಂದನ್ನು ನೋಡಿ ಏಳುವಾಗ, ನಿಮ್ಮ ಮನೆಯ ತಾಯಿಯನ್ನೋ ಅತ್ತೆಯನ್ನೋ ಅಜ್ಜಿಯನ್ನೋ ಈ ಪ್ರಶ್ನೆಯನ್ನು ಒಮ್ಮೆ ಕೇಳಿ ನೋಡಿ. ಅವರು ಹೇಳುವ ಉತ್ತರ ನೀವು ನೋಡಿದ ಚಿತ್ರಕ್ಕಿಂತ ಚೆನ್ನಾಗಿರಲೂಬಹುದು.